ಉಸಿರಿನ ಗೆರೆ, ಹಲ್ಲುಚಕ್ರದ ಗೆರೆ

ಸ್ಪೈರೋಗ್ರಾಫ್ ಎಂಬ ಪದಕ್ಕೆ ನಿಘಂಟು ಎರಡು ಅರ್ಥ ಕೊಡುತ್ತದೆ. ಉಸಿರಾಟದ ಏರಿಳಿತವನ್ನು ಕಾಗದದ ಮೇಲೆ ಗೆರೆಯಾಗಿ ಬರೆಯುವ ಉಪಕರಣ ಒಂದು. ಹಲ್ಲುಳ್ಳ ಬಳೆಯೊಳಗೆ ಹಲ್ಲುಳ್ಳ ಚಕ್ರವನ್ನು ಉರುಳಿಸಿ ಹೂವಿನಂಥ ವಕ್ರರೇಖೆಗಳನ್ನು ಬಿಡಿಸುವ ಸಾಧನ ಇನ್ನೊಂದು. ಕನ್ನಡದ ಓದುಗರಲ್ಲಿ ಹೆಚ್ಚಿನವರಿಗೆ ಗೊತ್ತಿರುವುದು ಎರಡನೆಯದೇ. ಜಾತ್ರೆಯಲ್ಲಿ, ಶಾಲೆಯ ಎದುರಿನ ಅಂಗಡಿಯಲ್ಲಿ ಸಿಗುವ ಬಣ್ಣದ ಪ್ಲಾಸ್ಟಿಕ್ ಹಲಗೆ ಅದು. ಮಾರುವವನು ಪೆನ್ನಿನ ತುದಿಯನ್ನು ತೂತಿಗೆ ಸಿಕ್ಕಿಸಿ ಗರಗರ ತಿರುಗಿಸುತ್ತಿದ್ದರೆ ಸುತ್ತಲಿನ ಮಕ್ಕಳ ಕಣ್ಣು ಅಲ್ಲೇ ನೆಟ್ಟಿರುತ್ತದೆ.

ಎರಡು ಅರ್ಥಗಳಿಗೆ ಬೇರುಗಳೂ ಎರಡು. ಲ್ಯಾಟಿನ್ನಿನಲ್ಲಿ ಸ್ಪಿರಾರೆ ಎಂದರೆ ಉಸಿರಾಡುವುದು. ಗ್ರೀಕಿನ ಸ್ಪೈರಾ ಎಂದರೆ ಸುರುಳಿ. ಅದು ಲ್ಯಾಟಿನ್ನಿಗೆ ಸ್ಪಿರಾ ಆಗಿ ಬಂತು. ಎರಡರ ಹಿಂದೆಯೂ ಬರೆಯುವುದು ಎಂಬರ್ಥದ ಗ್ರೀಕ್ ಧಾತು ಸೇರಿಕೊಂಡು ಒಂದೇ ಉಚ್ಚಾರದ ಹೆಸರು ಹುಟ್ಟಿತು. ಹೀಗೆ ದಾರಿಯಲ್ಲಿ ಕೂಡಿಕೊಂಡ ಪದಗಳು ಎಲ್ಲ ಭಾಷೆಗಳಲ್ಲೂ ಇವೆ, ಅಷ್ಟಕ್ಕೇ ಒಂದು ಲೇಖನ ಬೇಕಾಗಿಲ್ಲ. ನನ್ನನ್ನು ಹಿಡಿದು ನಿಲ್ಲಿಸಿದ್ದು ಬೇರೆ ಸಂಗತಿ. ಎರಡೂ ಸಾಧನಗಳು ಚಲನೆಯನ್ನು ಗೆರೆಯಾಗಿಸುತ್ತವೆ. ಆಟಿಕೆಯ ಗೆರೆಗೆ ಇರುವ ನಿಯಮವೆಲ್ಲ ಅದರ ಹಲ್ಲುಗಳಲ್ಲೇ ಇದೆ, ಬೇಕೆಂದವರು ಎಣಿಸಿ ನೋಡಬಹುದು. ಉಸಿರಿನ ಗೆರೆಯನ್ನು ಓದುವ ನಿಯಮ ಆ ಗೆರೆಯಲ್ಲಿ ಇರುವುದಿಲ್ಲ. ಅದು ಯಂತ್ರದೊಳಗಿನ ಒಂದು ಕೋಷ್ಟಕದಲ್ಲಿರುತ್ತದೆ. ಆ ಕೋಷ್ಟಕವನ್ನು ಯಾರು ಮಾಡಿದರು, ಯಾರ ಎದೆಯನ್ನು ಅಳೆದು ಮಾಡಿದರು ಎಂಬುದು ಊದುವವರಿಗೆ ತಿಳಿಯುವುದೇ ಇಲ್ಲ.

ಮೊದಲು ಆಟಿಕೆಯನ್ನೇ ನೋಡೋಣ. ಇಂಗ್ಲೆಂಡಿನ ಲೀಡ್ಸ್‌ನ ಎಂಜಿನಿಯರ್ ಡೆನಿಸ್ ಫಿಶರ್ 1965ರಲ್ಲಿ ಜರ್ಮನಿಯ ನ್ಯೂರೆಂಬರ್ಗ್ ಆಟಿಕೆ ಮೇಳದಲ್ಲಿ ಅದನ್ನು ಪ್ರದರ್ಶಿಸಿದ. ಅಮೆರಿಕದಲ್ಲಿ ಕೆನ್ನರ್ ಕಂಪನಿ ಮಾರಾಟದ ಹಕ್ಕು ಪಡೆಯಿತು. 1967ರಲ್ಲಿ ಬ್ರಿಟನ್ನಿನಲ್ಲಿ ಅದು ವರ್ಷದ ಆಟಿಕೆ ಎನಿಸಿಕೊಂಡಿತು. ಆದರೆ ಫಿಶರನಿಗೂ ಹಿಂದೆ ಈ ವಿದ್ಯೆಗೆ ಉದ್ದದ ವಂಶಾವಳಿ ಇದೆ. 1908ರ ಹೊತ್ತಿಗೆ ಅಮೆರಿಕದ ಸಿಯರ್ಸ್ ಕಂಪನಿಯ ಸರಕುಪಟ್ಟಿಯಲ್ಲಿ ವಂಡರ್‌ಗ್ರಾಫ್ ಎಂಬ ಹೆಸರಿನಲ್ಲಿ ಇಂಥದೇ ಒಂದು ಸಾಧನ ಇತ್ತು. ಪೀಟರ್ ಹ್ಯೂಬರ್ಟ್ ಡೆಸ್ವಿನ್ಯ 1827ರಲ್ಲಿ ಸ್ಪೈರಾಗ್ರಾಫ್ ಎಂಬ ಯಂತ್ರದ ಜಾಹೀರಾತು ಕೊಟ್ಟಿದ್ದ. ಅಲ್ಲಿ ಸುರುಳಿಯ ಗ್ರೀಕ್ ಬೇರು ಹೆಸರಿನಲ್ಲೇ ಎದ್ದು ಕಾಣುತ್ತದೆ. ಇಟಲಿಯ ಜಾಂಬಾಟಿಸ್ಟಾ ಸುವಾರ್ಡಿ 1752ರ ಪುಸ್ತಕದಲ್ಲಿ ತನ್ನ ರೇಖಾಗಣಿತದ ಲೇಖನಿಯನ್ನು ವಿವರಿಸಿದ್ದಾನೆ. ಚಕ್ರಗಳನ್ನು ಬದಲಿಸುತ್ತ ಹೋದರೆ ಬಗೆಬಗೆಯ ವಕ್ರಗಳನ್ನು ಎಳೆಯುವ ಸಾಧನ ಅದು. ಪೋಲೆಂಡ್ ಮೂಲದ ಗಣಿತಜ್ಞ ಬ್ರೂನೋ ಅಬಕನೋವಿಚ್‌ನ ಹೆಸರನ್ನೂ ಸ್ಪೈರೋಗ್ರಾಫಿನ ಜೊತೆ ಹೇಳುವ ರೂಢಿಯಿದೆ. ಅವನ ಖ್ಯಾತಿ ನಿಂತಿರುವುದು ಮಾತ್ರ ಇಂಟಿಗ್ರಾಫ್ ಮೇಲೆ: ಒಂದು ವಕ್ರದ ಮೇಲೆ ಮುಳ್ಳನ್ನು ಆಡಿಸುತ್ತ ಹೋದರೆ ಅದರ ಅನುಕಲನದ ವಕ್ರವನ್ನು ತಾನೇ ಎಳೆದುಕೊಡುವ ಯಂತ್ರ.

ಈ ವಂಶದ ಮೂಲ ಆಕಾಶದಲ್ಲಿದೆ. ಗ್ರಹಗಳು ಮುಂದೆ ಹೋಗುತ್ತ ಹೋಗುತ್ತ ಒಮ್ಮೆ ಹಿಂದಕ್ಕೆ ತಿರುಗಿ ವಕ್ರಗತಿಯಲ್ಲಿ ಚಲಿಸಿದಂತೆ ಕಾಣುತ್ತವಲ್ಲ, ಅದನ್ನು ಲೆಕ್ಕಕ್ಕೆ ಒಗ್ಗಿಸಲು ಎರಡನೇ ಶತಮಾನದ ಟಾಲೆಮಿ ದೊಡ್ಡ ವೃತ್ತದ ಮೇಲೆ ತಿರುಗುವ ಚಿಕ್ಕ ವೃತ್ತವನ್ನು ಬಳಸಿದ. ನಮ್ಮ ಸಿದ್ಧಾಂತ ಜ್ಯೋತಿಷದಲ್ಲೂ ಕಕ್ಷ್ಯಾವೃತ್ತದ ಮೇಲೆ ಮಂದವೃತ್ತ ಮತ್ತು ಶೀಘ್ರವೃತ್ತಗಳಿವೆ. 499ರ ಕಾಲದ ಆರ್ಯಭಟೀಯದಲ್ಲಿ ಇವುಗಳ ಪರಿಧಿಯ ಅಳತೆಗಳೇ ಕೊಟ್ಟಿವೆ, ಅವು ಓಜ ಮತ್ತು ಯುಗ್ಮ ಪಾದಗಳಲ್ಲಿ ಬದಲಾಗುತ್ತವೆ ಎಂಬ ಸೂಕ್ಷ್ಮವೂ ಸೇರಿದಂತೆ. ಹದಿಮೂರನೇ ಶತಮಾನದ ಪರ್ಷಿಯಾದ ನಾಸಿರ್ ಅಲ್‌ದೀನ್ ಅಲ್‌ತೂಸಿ ಇನ್ನೂ ಸೊಗಸಾದ ಒಂದನ್ನು ಕಂಡ. ಒಂದು ವೃತ್ತದ ಒಳಗೆ ಅದರ ಸರಿಯಾಗಿ ಅರ್ಧ ಅಳತೆಯ ವೃತ್ತವನ್ನು ಜಾರದಂತೆ ಉರುಳಿಸಿದರೆ, ಚಿಕ್ಕ ವೃತ್ತದ ಅಂಚಿನ ಬಿಂದು ಸುತ್ತುವುದಿಲ್ಲ. ನೆಟ್ಟಗೆ ಒಂದು ಸರಳರೇಖೆಯ ಮೇಲೆ ಹೋಗಿ ಬರುತ್ತದೆ. ಎರಡು ಉರುಟು ಚಲನೆಗಳು ಕೂಡಿ ಒಂದು ನೇರ ಗೆರೆ ಹುಟ್ಟುವುದನ್ನು ಮೊದಲ ಸಲ ಕಂಡವನ ಸಂತೋಷ ಎಷ್ಟಿದ್ದೀತು ಎಂದು ನಾನು ಹಲವು ಸಲ ಯೋಚಿಸಿದ್ದೇನೆ.

ಆಟಿಕೆಯ ಮೂಲ ಪೆಟ್ಟಿಗೆಯಲ್ಲಿ ತೂಸಿಯ ಈ ಜೋಡಿಯೂ ಇದೆ. ಅದರ ಒಂದು ಬಳೆಯ ಒಳಗಡೆ 96 ಹಲ್ಲು, ಇನ್ನೊಂದರಲ್ಲಿ 105. ಚಕ್ರಗಳಲ್ಲಿ 24ರಿಂದ 84ರವರೆಗೆ ಬೇರೆ ಬೇರೆ ಸಂಖ್ಯೆಯ ಹಲ್ಲುಗಳು. 96ರ ಬಳೆಯೊಳಗೆ 48ರ ಚಕ್ರವನ್ನು ಇಟ್ಟು ತಿರುಗಿಸಿದರೆ ದೀರ್ಘವೃತ್ತ ಬರುತ್ತದೆ; ಪೆನ್ನಿನ ತೂತು ಅಂಚಿಗೆ ಹತ್ತಿರವಾದಷ್ಟೂ ಆ ದೀರ್ಘವೃತ್ತ ಚಪ್ಪಟೆಯಾಗಿ ತೂಸಿಯ ಸರಳರೇಖೆಯತ್ತ ಸಾಗುತ್ತದೆ. ತೂತು ಹಲ್ಲಿನ ಅಂಚಿನಲ್ಲೇ ಇರಲಾರದು, ಹಾಗಾಗಿ ಸರಳರೇಖೆ ಪೂರ್ತಿ ಕೈಗೆ ಸಿಗುವುದಿಲ್ಲ.

ಉಳಿದ ಚಕ್ರಗಳ ಗುಟ್ಟೆಲ್ಲ ಆರನೇ ತರಗತಿಯ ಲ.ಸಾ.ಅ.ದಲ್ಲಿದೆ. 96ರ ಬಳೆ, 60ರ ಚಕ್ರ ಎಂದಿಟ್ಟುಕೊಳ್ಳಿ. ಎರಡರ ಲ.ಸಾ.ಅ. 480. ಅದನ್ನು 60ರಿಂದ ಭಾಗಿಸಿದರೆ 8: ಹೂವಿಗೆ ಎಂಟು ಎಸಳು. 96ರಿಂದ ಭಾಗಿಸಿದರೆ 5: ಗೆರೆ ಹೊರಟಲ್ಲಿಗೆ ಮರಳುವುದಕ್ಕೆ ಚಕ್ರ ಬಳೆಯನ್ನು ಐದು ಸುತ್ತು ಹಾಕಬೇಕು. 64ರ ಚಕ್ರ ಹಾಕಿದರೆ ಮೂರೇ ಎಸಳು, ಎರಡೇ ಸುತ್ತು. 105ರ ಬಳೆಗೆ 52ರ ಚಕ್ರ ಹಾಕಿ ನೋಡಿ. ಈ ಎರಡು ಸಂಖ್ಯೆಗಳಿಗೆ ಒಂದರ ಹೊರತು ಸಾಮಾನ್ಯ ಅಪವರ್ತನವೇ ಇಲ್ಲ; ಎಸಳು 105, ಸುತ್ತು 52. ಅಷ್ಟರಲ್ಲಿ ಮಗುವಿನ ಕೈ ಸೋತು ಚಕ್ರ ಒಮ್ಮೆಯಾದರೂ ಹಲ್ಲು ತಪ್ಪಿ ಜಾರಿರುತ್ತದೆ. ಲ.ಸಾ.ಅ.ವನ್ನು ಏಣಿಯಂತೆ ಕೆಳಗಿಳಿದು ಭಾಗಿಸುವ ಕ್ರಮವನ್ನಷ್ಟೇ ಕಲಿಸಿ ಅದು ಯಾವುದಕ್ಕೆ ಬೇಕು ಎಂದು ಹೇಳದೆ ಮುಂದೆ ಹೋಗುವ ನಮ್ಮ ತರಗತಿಗಳಿಗೆ ಜಾತ್ರೆಯ ಈ ಹಲಗೆಯನ್ನು ತರಬೇಕು ಎಂಬುದು ನನ್ನ ಬಲವಾದ ಅಭಿಪ್ರಾಯ. ಮೊದಲು ಎಸಳೆಷ್ಟು ಎಂದು ಲೆಕ್ಕ ಹಾಕಿ ಆಮೇಲೆ ಬಿಡಿಸಿ ನೋಡಿದ ಮಗುವಿಗೆ ಗಣಿತ ತನ್ನ ಮಾತು ಉಳಿಸಿಕೊಳ್ಳುತ್ತದೆ ಎಂಬುದು ಕಣ್ಣಾರೆ ಗೊತ್ತಾಗುತ್ತದೆ.

ಒಳಗೆ ಉರುಳಿದರೆ ಬರುವ ಗೆರೆಗೆ ಹೈಪೊಟ್ರೋಕಾಯ್ಡ್, ಹೊರಗೆ ಉರುಳಿದರೆ ಎಪಿಟ್ರೋಕಾಯ್ಡ್ ಎಂದು ಹೆಸರು. ವಾಂಕೆಲ್ ಎಂಜಿನ್ನಿನ ಕವಚದ ಒಳಗೋಡೆ ಎರಡನೆಯ ಜಾತಿಯದು. ನೋಟುಗಳ ಮೇಲೆ ಬಲೆಬಲೆಯಾಗಿ ಹೆಣೆದುಕೊಂಡ ಸಣ್ಣ ಗೆರೆಗಳೂ ಇದೇ ಕುಟುಂಬಕ್ಕೆ ಸೇರಿದವು. ಡೆಸ್ವಿನ್ಯ 1840ರ ದಶಕದಲ್ಲಿ ವಿಯೆನ್ನಾದಲ್ಲಿ ತನ್ನ ಯಂತ್ರವನ್ನು ಖೋಟಾನೋಟು ತಡೆಯುವ ಕೆಲಸಕ್ಕೆ ಹಚ್ಚಿದ್ದ. ಮುಗಿದ ಗೆರೆ ಎಲ್ಲರಿಗೂ ಕಾಣುತ್ತದೆ. ಅದನ್ನು ಎಳೆದ ಚಕ್ರಗಳ ಅಳತೆಯನ್ನು ಅದರಿಂದ ಹಿಂದಕ್ಕೆ ಹೋಗಿ ಕಂಡುಹಿಡಿಯುವುದು ಬಲು ಕಷ್ಟ. ಮೈಸೂರಿನ ನೋಟು ಮುದ್ರಣಾಲಯದಿಂದ ಹೊರಬರುವ ರೂಪಾಯಿಯನ್ನು ಭೂತಗನ್ನಡಿ ಹಿಡಿದು ನೋಡಿದರೆ ಅಂಥ ಗೆರೆಗಳ ಕುಲವೇ ಕಾಣುತ್ತದೆ. ಈಗ ಅವನ್ನು ಎಳೆಯುವುದು ಕಂಪ್ಯೂಟರ್.

ಇನ್ನು ಉಸಿರಿನ ಕಡೆ. ಲಂಡನ್ನಿನ ವೈದ್ಯ ಜಾನ್ ಹಚಿನ್ಸನ್ 1846ರಲ್ಲಿ ಪ್ರಕಟಿಸಿದ ಪ್ರಬಂಧದಿಂದ ಈ ಶಾಸ್ತ್ರ ಶುರುವಾಗುತ್ತದೆ. ನೀರಿನಲ್ಲಿ ಬೋರಲು ಹಾಕಿದ ಪಾತ್ರೆ, ಅದನ್ನು ತೂಗಿಹಿಡಿಯಲು ಎದುರುಭಾರ. ಕೊಳವೆಯಲ್ಲಿ ಊದಿದರೆ ಪಾತ್ರೆ ಮೇಲೇಳುತ್ತದೆ, ಎಷ್ಟು ಎದ್ದಿತು ಎಂಬುದನ್ನು ಅಳತೆಪಟ್ಟಿ ಹೇಳುತ್ತದೆ. ಪೂರ್ತಿ ಒಳಗೆಳೆದುಕೊಂಡ ಉಸಿರನ್ನು ಪೂರ್ತಿ ಹೊರಬಿಟ್ಟಾಗ ಬರುವ ಗಾಳಿಯ ಪ್ರಮಾಣಕ್ಕೆ ಅವನು ಜೀವಧಾರಣ ಸಾಮರ್ಥ್ಯ ಎಂಬರ್ಥದ ಹೆಸರಿಟ್ಟ. ನಾವಿಕರು, ಪೊಲೀಸರು, ಬೆಂಕಿ ಆರಿಸುವವರು, ಮುದ್ರಣದ ಕೆಲಸಗಾರರು, ಕಡುಬಡವರು, ಸಿರಿವಂತರು ಹೀಗೆ ಎರಡು ಸಾವಿರಕ್ಕೂ ಹೆಚ್ಚು ಜನರನ್ನು ಅಳೆದ. ಎತ್ತರ ಒಂದು ಅಂಗುಲ ಹೆಚ್ಚಿದರೆ ಗಾಳಿ ಸುಮಾರು ಎಂಟು ಘನ ಅಂಗುಲ ಹೆಚ್ಚುತ್ತದೆ ಎಂಬ ಅವನ ಲೆಕ್ಕ ಅಂದಿನ ಮಟ್ಟಿಗೆ ಅದ್ಭುತ. ಕ್ಷಯರೋಗವನ್ನು ಮೊದಲೇ ಪತ್ತೆಹಚ್ಚಬಹುದು ಎಂಬುದು ಅವನ ಆಸೆ. ಜೀವವಿಮೆಯವರಿಗೂ ಇದು ಬೇಕಿತ್ತು. ಅವನು ವಿಮಾ ಕಂಪನಿಯೊಂದರ ವೈದ್ಯನೂ ಆಗಿದ್ದ. ಕೊನೆಗೆ ಎಲ್ಲ ಬಿಟ್ಟು ಆಸ್ಟ್ರೇಲಿಯಾಕ್ಕೆ ಹೋಗಿ, ಅಲ್ಲಿಂದ ಫಿಜಿಗೆ ಹೋಗಿ, 1861ರಲ್ಲಿ ಅಲ್ಲೇ ತೀರಿಕೊಂಡ.

ಹಚಿನ್ಸನ್ನನ ಯಂತ್ರ ಅಳೆಯುತ್ತಿತ್ತು, ಬರೆಯುತ್ತಿರಲಿಲ್ಲ. ಅದು ಸ್ಪೈರೋಮೀಟರ್. ಬರೆಯುವ ಕೈ ಬಂದದ್ದು ಜರ್ಮನಿಯ ಕಾರ್ಲ್ ಲುಡ್ವಿಗ್‌ನಿಂದ. 1847ರಲ್ಲಿ ಅವನು ಕೈಮೋಗ್ರಾಫ್ ಮಾಡಿದ: ಒಂದೇ ವೇಗದಲ್ಲಿ ತಿರುಗುವ ಉರುಳೆ, ಅದರ ಮೇಲೆ ಕಾಗದ, ಕಾಗದಕ್ಕೆ ತಾಗುವ ಮುಳ್ಳು. ಅವನು ಅಂದು ತಿಳಿಯಹೊರಟದ್ದು ಉಸಿರಾಟದಿಂದ ರಕ್ತದ ಒತ್ತಡ ಹೇಗೆ ಏರಿಳಿಯುತ್ತದೆ ಎಂಬುದನ್ನು. ಹಾಗಾಗಿ ಶರೀರಶಾಸ್ತ್ರದ ಮೊದಲ ಗೆರೆಗಳಲ್ಲೇ ಉಸಿರಿನ ಅಲೆ ಇತ್ತು. ನಮ್ಮ ವೈದ್ಯಕೀಯ ಕಾಲೇಜುಗಳಲ್ಲಿ ಓದಿದ ಹಿರಿಯ ತಲೆಮಾರಿನ ವೈದ್ಯರಿಗೆ ಆ ಉರುಳೆ ಚೆನ್ನಾಗಿ ನೆನಪಿರುತ್ತದೆ. ಹೊಳಪಿನ ಕಾಗದ ಸುತ್ತಿ, ಹೊಗೆ ಹಿಡಿಸಿ ಮಸಿಗಟ್ಟಿಸಿ, ಮುಳ್ಳಿನಿಂದ ಗೀರಿದ ಬಿಳಿ ಗೆರೆ ಅಳಿಸದಂತೆ ಅರಗಿನ ದ್ರಾವಣದಲ್ಲಿ ಅದ್ದಿ ಒಣಗಿಸುವುದು ಮೊದಲ ವರ್ಷದ ಪಾಠವಾಗಿತ್ತು. ಎದೆಗೆ ಸುಕ್ಕುಸುಕ್ಕಾದ ರಬ್ಬರ್ ಕೊಳವೆ ಕಟ್ಟಿ, ಅದನ್ನು ಫ್ರಾನ್ಸಿನ ಮಾರೆ ರೂಪಿಸಿದ ತೆಳುಪೊರೆಯ ಡಬ್ಬಿಗೆ ಜೋಡಿಸಿದರೆ ಉಸಿರಿನ ಏರಿಳಿತ ಉರುಳೆಯ ಮೇಲೆ ಮೂಡುತ್ತಿತ್ತು. ನುಂಗಿದಾಗ ಗೆರೆ ತುಸು ಹೊತ್ತು ಸಪಾಟು, ಉಸಿರು ಬಿಗಿಹಿಡಿದಾಗ ಉದ್ದಕ್ಕೂ ಸಪಾಟು, ಬಿಟ್ಟಕೂಡಲೇ ದೊಡ್ಡ ದೊಡ್ಡ ಅಲೆ.

ಹಚಿನ್ಸನ್ನನ ಪಾತ್ರೆಗೂ ಲುಡ್ವಿಗ್‌ನ ಉರುಳೆಗೂ ಮದುವೆಯಾದಾಗ ನಿಜವಾದ ಸ್ಪೈರೋಗ್ರಾಫ್ ಹುಟ್ಟಿತು. ಅದು ಬರೆದ ಗೆರೆಯಲ್ಲಿ ಒಂದೊಂದು ಅಂಶಕ್ಕೂ ಅರ್ಥವಿದೆ. ಸುಮ್ಮನೆ ಕುಳಿತಾಗ ಬರುವ ಚಿಕ್ಕ ಅಲೆಯ ಎತ್ತರ ಅರ್ಧ ಲೀಟರಿನಷ್ಟು. ಪೂರ್ತಿ ಎಳೆದು ಪೂರ್ತಿ ಬಿಟ್ಟರೆ ಬರುವ ದೊಡ್ಡ ಅಲೆ ಆರೋಗ್ಯವಂತ ವಯಸ್ಕರಲ್ಲಿ ನಾಲ್ಕೈದು ಲೀಟರು. ಎಷ್ಟೇ ಊದಿದರೂ ಎದೆಯಲ್ಲಿ ಉಳಿದೇ ಉಳಿಯುವ ಒಂದು ಲೀಟರಿಗೂ ಹೆಚ್ಚಿನ ಗಾಳಿಯನ್ನು ಮಾತ್ರ ಈ ಗೆರೆ ಎಂದೂ ಕಾಣದು. ಪಾತ್ರೆಯಲ್ಲಿ ಆಮ್ಲಜನಕ ತುಂಬಿ, ಬಿಟ್ಟ ಉಸಿರಿನ ಇಂಗಾಲದ ಡೈಆಕ್ಸೈಡನ್ನು ಸೋಡಾ ಸುಣ್ಣ ಹೀರಿಕೊಳ್ಳುವಂತೆ ಮಾಡಿದರೆ ಇನ್ನೊಂದು ಸಂಗತಿ ಕಾಣುತ್ತದೆ. ದೇಹ ಬಳಸಿಕೊಂಡಷ್ಟು ಅನಿಲ ಕಡಿಮೆಯಾಗುತ್ತ ಇಡೀ ಅಲೆಸಾಲು ನಿಧಾನವಾಗಿ ಓರೆಯಾಗುತ್ತದೆ. ಆ ಓರೆಯನ್ನು ಅಳೆದರೆ ದೇಹ ನಿಮಿಷಕ್ಕೆ ಎಷ್ಟು ಆಮ್ಲಜನಕ ಉರಿಸುತ್ತಿದೆ ಎಂಬುದು ಸಿಗುತ್ತದೆ. ವಿಶ್ರಾಂತಿಯಲ್ಲಿ ಸುಮಾರು 250 ಮಿಲಿಲೀಟರು. ರಕ್ತದಲ್ಲಿ ಹಾರ್ಮೋನು ಅಳೆಯುವ ಪರೀಕ್ಷೆಗಳು ಬರುವ ಮುಂಚೆ ಥೈರಾಯ್ಡ್ ಗ್ರಂಥಿಯ ಏರುಪೇರನ್ನು ವೈದ್ಯರು ಈ ಓರೆಯಿಂದಲೇ ಊಹಿಸುತ್ತಿದ್ದರು. 1947ರಲ್ಲಿ ಫ್ರಾನ್ಸಿನ ರೊಬೇರ್ ತಿಫೆನೊ ಗಾಳಿಯ ಪ್ರಮಾಣದ ಜೊತೆ ಕಾಲವನ್ನೂ ಸೇರಿಸಿದ: ಮೊದಲ ಒಂದು ಸೆಕೆಂಡಿನಲ್ಲಿ ಎಷ್ಟು ಹೊರಬಂತು? ಒಟ್ಟು ಗಾಳಿಯಲ್ಲಿ ಅದರ ಪಾಲು ಶೇ. 70ಕ್ಕಿಂತ ಕಡಿಮೆಯಾದರೆ ಶ್ವಾಸನಾಳಗಳಲ್ಲಿ ತಡೆ ಇದೆ ಎಂದರ್ಥ. ಇಂದಿಗೂ ಸಿಒಪಿಡಿ ಎಂಬ ದೀರ್ಘಕಾಲದ ಶ್ವಾಸರೋಗವನ್ನು ಗುರುತಿಸುವುದು ಇದೇ ಭಿನ್ನರಾಶಿಯಿಂದ.

ಈಗಿನ ಯಂತ್ರದಲ್ಲಿ ನೀರೂ ಇಲ್ಲ, ಉರುಳೆಯೂ ಇಲ್ಲ. ಅಂಗೈಯಗಲದ ಸಾಧನದ ಕೊಳವೆ ಬಾಯಲ್ಲಿಟ್ಟು, ಮೂಗಿಗೆ ಕ್ಲಿಪ್ಪು ಹಾಕಿ, ತಂತ್ರಜ್ಞೆ ಊದಿ, ಊದಿ, ಬಿಡಬೇಡಿ, ಇನ್ನೂ ಊದಿ ಎಂದು ಹುರಿದುಂಬಿಸುತ್ತಿದ್ದಂತೆ ಮೂರು ಸಲವಾದರೂ ಊದಬೇಕು. ತೆರೆಯ ಮೇಲೆ ಒಂದು ಕುಣಿಕೆ ಮೂಡುತ್ತದೆ. ಗೂರಲು ಇರುವವರ ಕುಣಿಕೆಯ ಬೆನ್ನು ಒಳಕ್ಕೆ ತಗ್ಗಿರುತ್ತದೆ.

ಪದದ ಬೇರೆ ನೆಂಟರನ್ನು ಬೇಗ ಮಾತಾಡಿಸಿ ಮುಂದೆ ಹೋಗುತ್ತೇನೆ. ಇಪ್ಪತ್ತನೇ ಶತಮಾನದ ಆರಂಭದಲ್ಲಿ ಬ್ರಿಟನ್ನಿನ ಥಿಯೋಡರ್ ಬ್ರೌನ್ ರೂಪಿಸಿ, ಚಾರ್ಲ್ಸ್ ಅರ್ಬನ್ ಬೆಳೆಸಿದ ಮನೆಬಳಕೆಯ ಸಿನಿಮಾ ಯಂತ್ರವೊಂದಕ್ಕೆ ಸ್ಪೈರೋಗ್ರಾಫ್ ಎಂದೇ ಹೆಸರಿತ್ತು. ಪುಟ್ಟ ಚಿತ್ರಗಳು ತಟ್ಟೆಯ ಮೇಲೆ ಸುರುಳಿಯಾಗಿ ಇರುತ್ತಿದ್ದವು. ಸುಮಾರು 2000 ಜ್ಯೋತಿರ್ವರ್ಷ ದೂರದ ಐಸಿ 418 ಎಂಬ ನೀಹಾರಿಕೆಗೆ, ಹಬಲ್ ದೂರದರ್ಶಕದ ಚಿತ್ರದಲ್ಲಿ ಕಂಡ ಹೆಣಿಗೆಯಿಂದಾಗಿ, ಆಟಿಕೆಯ ಹೆಸರು ಅಂಟಿದೆ. ಇವೆರಡಕ್ಕಿಂತ ಮನಸ್ಸಿಗೆ ಹಿಡಿಸುವುದು ಮೆಡಿಟರೇನಿಯನ್ ಸಮುದ್ರದ ಒಂದು ಹುಳು. ಈಗ ಅದು ಸಬೆಲ್ಲಾ; ಹಿಂದೆ ಅದನ್ನು ಸ್ಪೈರೋಗ್ರಾಫಿಸ್ ಎಂದು ಕರೆಯುತ್ತಿದ್ದರು. ತಾನೇ ಕಟ್ಟಿಕೊಂಡ ಕೊಳವೆಯೊಳಗೆ ಕುಳಿತು ಗರಿಗರಿಯಾದ ಕಿರೀಟವನ್ನು ಸುರುಳಿಯಾಗಿ ಹೊರಚಾಚುತ್ತದೆ. ಹೆಸರು ಬಂದದ್ದು ಆ ಸುರುಳಿಯಿಂದ. ಆದರೆ ಆ ಕಿರೀಟದಿಂದಲೇ ಅದು ಉಸಿರಾಡುವುದು ಕೂಡ. ಅದರ ರಕ್ತದಲ್ಲಿ ಆಮ್ಲಜನಕ ಹೊರುವ ವಸ್ತು ನಮ್ಮದರಂತೆ ಕೆಂಪಲ್ಲ, ತೆಳುವಾದಾಗ ಹಸಿರು.

ಕೋಷ್ಟಕದ ಮಾತಿಗೆ ಬರುತ್ತೇನೆ. ಆಸ್ಪತ್ರೆಯ ವರದಿಯಲ್ಲಿ ನಿರೀಕ್ಷಿತ ಪ್ರಮಾಣದ ಇಷ್ಟು ಶೇಕಡ ಎಂಬ ಒಂದು ಸಾಲು ಇರುತ್ತದೆ. ಯಾರಿಂದ ನಿರೀಕ್ಷಿತ? ಎತ್ತರ, ವಯಸ್ಸು, ಲಿಂಗ ಇವು ಸರಿ. ನಾಲ್ಕನೆಯದಾಗಿ ಜನಾಂಗ ಎಂಬ ಒಂದು ಅಂಶ ಯಂತ್ರದೊಳಗೆ ಬಹುಕಾಲ ಕುಳಿತಿತ್ತು. ಅದರ ಚರಿತ್ರೆ ಮನಸ್ಸನ್ನು ಕಲಕುತ್ತದೆ. ಕಪ್ಪುಜನರ ಶ್ವಾಸಾಂಗದ ರಚನೆಯೇ ಬೇರೆ ಇರಬಹುದು ಎಂಬ ಊಹೆಯನ್ನು ಥಾಮಸ್ ಜೆಫರ್ಸನ್ ವರ್ಜೀನಿಯಾ ಕುರಿತ ತನ್ನ ಪುಸ್ತಕದಲ್ಲಿ ಬರೆದಿದ್ದ. ಗುಲಾಮರ ನಾಡಿನ ವೈದ್ಯ ಸ್ಯಾಮ್ಯುಯೆಲ್ ಕಾರ್ಟ್‌ರೈಟ್ ಸ್ಪೈರೋಮೀಟರ್ ಹಿಡಿದು ಆ ಊಹೆಗೆ ಅಂಕಿ ಕೊಟ್ಟ, ಬಲವಂತದ ದುಡಿಮೆ ಅವರ ಶ್ವಾಸಕೋಶಕ್ಕೆ ಒಳ್ಳೆಯದು ಎಂದು ವಾದಿಸಿದ. ಅಮೆರಿಕದ ಅಂತರ್ಯುದ್ಧದ ಸೈನಿಕರ ಅಳತೆಗಳನ್ನು ಬೆಂಜಮಿನ್ ಗೂಲ್ಡ್ 1869ರಲ್ಲಿ ಪ್ರಕಟಿಸಿದಾಗ ವ್ಯತ್ಯಾಸ ಅಂಕಿಅಂಶಗಳ ಗೌರವ ಪಡೆಯಿತು. ಅಲ್ಲಿಂದ ಅದು ಯಂತ್ರದ ತಿದ್ದುಪಡಿಯಾಯಿತು: ಕಪ್ಪುಜನರಿಗೆ ಶೇ. 10ರಿಂದ 15 ಕಡಿತ, ಏಷ್ಯಾದವರಿಗೆ ಶೇ. 4ರಿಂದ 6. ಈ ಇತಿಹಾಸವನ್ನು ಲಂಡಿ ಬ್ರಾನ್ 2014ರ ತಮ್ಮ ಪುಸ್ತಕದಲ್ಲಿ ಎಳೆಎಳೆಯಾಗಿ ಬಿಡಿಸಿದ್ದಾರೆ. 1999ರಲ್ಲಿ ಬಾಲ್ಟಿಮೋರ್‌ನಲ್ಲಿ ಕಲ್ನಾರಿನಿಂದ ಶ್ವಾಸಕೋಶ ಕೆಟ್ಟ ಕಾರ್ಮಿಕರ ಮೊಕದ್ದಮೆಯಲ್ಲಿ, ಕಪ್ಪು ಕಾರ್ಮಿಕರು ಪರಿಹಾರ ಕೇಳಲು ಅರ್ಹರಾಗಬೇಕಾದರೆ ಬಿಳಿಯರಿಗಿಂತ ಹೆಚ್ಚು ಹದಗೆಟ್ಟಿರಬೇಕು ಎಂಬ ವಾದವನ್ನು ಕಂಪನಿಯ ಕಡೆಯವರು ಇದೇ ತಿದ್ದುಪಡಿಯ ಬಲದಿಂದ ಮುಂದಿಟ್ಟಿದ್ದರು.

ಭಾರತೀಯರ ಸರಾಸರಿ ಅಳತೆ ಯುರೋಪಿನವರದಕ್ಕಿಂತ ಕಡಿಮೆ ಬರುತ್ತದೆ ಎಂಬುದು ನಿಜ. ಏಕೆ ಕಡಿಮೆ ಎಂಬುದೇ ಪ್ರಶ್ನೆ. ದೇಹದ ಕಟ್ಟು ಒಂದಿಷ್ಟು ಕಾರಣ ಇರಬಹುದು. ಹುಟ್ಟುವಾಗಿನ ತೂಕ, ಬಾಲ್ಯದ ಆಹಾರ, ಮತ್ತೆಮತ್ತೆ ಕಾಡುವ ಶ್ವಾಸದ ಸೋಂಕು, ಸೌದೆ ಒಲೆಯ ಹೊಗೆ ಇವೂ ಕಾರಣ. ಮೈಸೂರು ಸೀಮೆಯ ಹಳ್ಳಿಗಳಲ್ಲಿ ಧೂಮಪಾನ ಮಾಡದ ಮಹಿಳೆಯರ ನಡುವೆ ನಡೆದ ಅಧ್ಯಯನದಲ್ಲಿ ಒಂದು ಸರಳ ಸೂಚ್ಯಂಕ ಬಳಸಿದ್ದರು: ದಿನಕ್ಕೆ ಒಲೆಯ ಮುಂದೆ ಕಳೆದ ಗಂಟೆಗಳನ್ನು ಅಡುಗೆ ಮಾಡಿದ ವರ್ಷಗಳಿಂದ ಗುಣಿಸುವುದು. ಅದು 60 ಮುಟ್ಟಿದಲ್ಲಿಂದ ದೀರ್ಘಕಾಲದ ಕೆಮ್ಮುಕಫದ ರೋಗದ ಅಪಾಯ ಎದ್ದು ಕಾಣುತ್ತದೆ ಎಂದು ಅವರಿಗೆ ಕಂಡಿತು. ದಿನಕ್ಕೆ ಮೂರು ಗಂಟೆ, ಇಪ್ಪತ್ತು ವರ್ಷ. ನಲವತ್ತರ ಹೊಸ್ತಿಲಲ್ಲಿರುವ ಎಷ್ಟೋ ತಾಯಂದಿರ ಲೆಕ್ಕ ಇದು. ಕೋಲಾರದ ಚಿನ್ನದ ಗಣಿಗಳಲ್ಲಿ ಕಲ್ಲುಪುಡಿ ಕುಡಿದ ಎದೆಗಳೂ ಈ ಸರಾಸರಿಯೊಳಗಿನವೇ. ಭಾರತದಲ್ಲಿ ಸಿಲಿಕೋಸಿಸ್ ಮೊದಲು ವರದಿಯಾದದ್ದು ಅಲ್ಲಿಂದ. ಹಸಿವು, ಹೊಗೆ, ದೂಳು ಮಾಡಿದ ಕೊರತೆಯನ್ನು ಜನಾಂಗದ ಸ್ವಭಾವ ಎಂದು ಕೋಷ್ಟಕದಲ್ಲಿ ಕಳೆದುಬಿಟ್ಟರೆ, ಗಾಯವನ್ನೇ ಆರೋಗ್ಯ ಎಂದು ಬರೆದಂತಾಗುತ್ತದೆ.

2012ರಲ್ಲಿ 26 ದೇಶಗಳ 74,187 ಆರೋಗ್ಯವಂತರ ಅಳತೆಗಳಿಂದ ಒಂದು ಜಾಗತಿಕ ಸೂತ್ರ ಸಿದ್ಧವಾಯಿತು. ಯುರೋಪ್ ಮೂಲದವರು, ಆಫ್ರಿಕನ್ ಅಮೆರಿಕನ್ನರು, ಈಶಾನ್ಯ ಏಷ್ಯಾದವರು, ಆಗ್ನೇಯ ಏಷ್ಯಾದವರು ಎಂದು ಅದರಲ್ಲಿ ಗುಂಪುಗಳಿದ್ದವು. ಭಾರತ ಉಪಖಂಡದ ಜನಕ್ಕೆ ತಮ್ಮದೇ ಒಂದು ಸಾಲು ಇರಲಿಲ್ಲ. ಇತರರು ಎಂಬ ಸಾಲಿನಲ್ಲಿ ನಿಲ್ಲಬೇಕಿತ್ತು. ಆಮೇಲೆ ಜನಾಂಗದ ಭೇದವನ್ನೇ ಕೈಬಿಟ್ಟ ಸೂತ್ರ ಬಂತು. 2023ರಲ್ಲಿ ಅಮೆರಿಕದ ಶ್ವಾಸವೈದ್ಯರ ಸಂಘ ಅದನ್ನೇ ಬಳಸಬೇಕೆಂದು ಶಿಫಾರಸು ಮಾಡಿತು. ಇದೂ ತೊಡಕಿಲ್ಲದ್ದಲ್ಲ. ಅಳತೆಗೋಲು ಬದಲಾದರೆ ಅದೇ ಎದೆಯ ಕಾರ್ಮಿಕ ಒಂದು ಕಡೆ ಪರಿಹಾರಕ್ಕೆ ಅರ್ಹನಾಗುತ್ತಾನೆ, ಇನ್ನೊಂದು ಕಡೆ ಕೆಲಸಕ್ಕೆ ಅನರ್ಹನಾಗುತ್ತಾನೆ. ಶಸ್ತ್ರಚಿಕಿತ್ಸೆ ತಡೆಯುವನೇ ಎಂಬ ತೀರ್ಮಾನವೂ ಬದಲಾಗಬಹುದು. ಆದರೂ ಕೊರತೆಯನ್ನು ಮುಚ್ಚಿಡುವ ಕೋಷ್ಟಕಕ್ಕಿಂತ ಅದನ್ನು ತೋರಿಸುವ ಕೋಷ್ಟಕವೇ ಮೇಲು ಎಂದು ನಾನು ನಂಬುತ್ತೇನೆ. ತೋರಿದ ಮೇಲೆ ಏನು ಮಾಡಬೇಕು ಎಂಬುದನ್ನು ವೈದ್ಯರು ರೋಗಿಯ ಮುಖ ನೋಡಿ, ಅವರ ಒಲೆಯ ಬಗ್ಗೆ, ಕೆಲಸದ ಬಗ್ಗೆ ಕೇಳಿ ತೀರ್ಮಾನಿಸಬೇಕು.

ನಮ್ಮ ಪ್ರಯೋಗಾಲಯಗಳು ಈಗಲೇ ಮಾಡಬಹುದಾದ ಕೆಲಸ ಒಂದಿದೆ. ಯಾವ ಸೂತ್ರದಿಂದ ಲೆಕ್ಕ ಹಾಕಿದ್ದು, ಅದರಲ್ಲಿ ಯಾವ ತಿದ್ದುಪಡಿ ಸೇರಿದೆ ಎಂಬುದನ್ನು ವರದಿಯ ಮೊದಲ ಪುಟದಲ್ಲೇ, ಕನ್ನಡದಲ್ಲೂ, ಒಂದು ಸಾಲಿನಲ್ಲಿ ಅಚ್ಚು ಹಾಕಿಸುವುದು. ಊರು ಬದಲಿಸಿ ಬೇರೆ ಆಸ್ಪತ್ರೆಗೆ ಹೋದ ಗೂರಲಿನ ರೋಗಿಗೆ ಕಳೆದ ವರ್ಷ 78 ಇದ್ದದ್ದು ಈ ವರ್ಷ 70 ಎಂದು ಬಂದರೆ, ಎದೆ ಕೆಟ್ಟಿತೋ ಕೋಷ್ಟಕ ಬದಲಾಯಿತೋ ಎಂದು ಕೇಳುವ ಹಕ್ಕಿದೆ.